ಹೇಮಲತಾ ಕಲಿಸುತ್ತಿದ್ದ ಸ್ಪ್ಯಾನಿಷ್ ವೀರಕಥೆಗಳು

ಸಿಡ್ನಿಯ ಪೆಂಡಲ್ ಹಿಲ್ ಸ್ಟೇಷನ್ ಹತ್ತಿರದ ಅಂಗಡಿಯಲ್ಲಿ ಜೋಳದ ಹಿಟ್ಟು ಕೊಳ್ಳುವಾಗ ಯಾರಾದರೂ ಪರಿಚಯದವರು ಸಿಕ್ಕಿ, "ನೀವೇನು ವರ್ಕ್ ಮಾಡ್ತೀರಿ?" ಎಂದು ಕೇಳಿದರೆ, ಹೇಮಲತಾ "ಯೂನಿವರ್ಸಿಟಿಯೊಳಗ ಸ್ಪ್ಯಾನಿಷ್ ಕಲಿಸ್ತೀನ್ರಿ" ಎಂದು ಹೇಳಿ ಬೇರೆ ಮಾತಿಗೆ ಹೊರಳುತ್ತಿದ್ದಳು. ಕೇಳಿದವರಿಗೂ ಅಷ್ಟು ಸಾಕಾಗುತ್ತಿತ್ತು. ಆದರೆ ಅವಳು ಕಲಿಸುತ್ತಿದ್ದದ್ದು ಬರೀ ಭಾಷೆಯನ್ನಲ್ಲ. ಸ್ಪೇನ್ ದೇಶದಲ್ಲಿ ಒಂದು ಕಾಲಕ್ಕೆ ಅರಮನೆಯವರಿಂದ ಹಿಡಿದು ಕತ್ತೆ ಹೊಡೆಯುವವರ ತನಕ ಎಲ್ಲರಿಗೂ ಹುಚ್ಚು ಹಿಡಿಸಿ, ಆಮೇಲೆ ಹೇಳಹೆಸರಿಲ್ಲದಂತೆ ಹೋದ ವೀರಕಥೆಗಳನ್ನು. ಕುದುರೆ ಏರಿ ದೇಶಾಂತರ ಹೋಗುವ ನೈಟ್‌ಗಳು, ಮಾಯದ ದ್ವೀಪಗಳು, ದೈತ್ಯರು, ಕೋಟೆಯ ಕಿಟಕಿಯಲ್ಲಿ ಕಾಯುವ ರಾಜಕುಮಾರಿಯರು. ಇದನ್ನೆಲ್ಲ ಹಿಟ್ಟಿನ ಚೀಲ ಹಿಡಿದು ನಿಂತು ವಿವರಿಸುವುದು ಹೇಗೆಂದು ಅವಳಿಗೆ ಇಷ್ಟು ವರ್ಷದಲ್ಲಿ ಒಮ್ಮೆಯೂ ಹೊಳೆದಿರಲಿಲ್ಲ.

ಅವಳು ಧಾರವಾಡದವಳು. ಹೈದರಾಬಾದಿಗೆ ಹೋಗಿ ಸ್ಪ್ಯಾನಿಷ್ ಎಂ.ಎ. ಮಾಡಿ, ಸ್ಕಾಲರ್‌ಶಿಪ್ ಮೇಲೆ ಮೆಲ್ಬರ್ನಿಗೆ ಬಂದಳು. ಆ ಕಥೆಗಳು ಸತ್ತದ್ದು ಹೇಗೆ ಎನ್ನುವುದೇ ಅವಳ ಪಿಎಚ್‌ಡಿ. ಅದಕ್ಕೆ ಎಲ್ಲರೂ ಹೇಳುವ ಉತ್ತರ ಒಂದಿತ್ತು: ಒಬ್ಬ ಜಾಣ ಲೇಖಕ ಅವುಗಳನ್ನು ಗೇಲಿ ಮಾಡಿ ಪುಸ್ತಕ ಬರೆದ, ಜನ ಬಿದ್ದು ಬಿದ್ದು ನಕ್ಕರು, ಅಲ್ಲಿಗೆ ಕಥೆ ಮುಗಿಯಿತು. ಹೇಮಲತಾ ಇದನ್ನು ಒಪ್ಪಲಿಲ್ಲ. ಗೇಲಿಯ ಪುಸ್ತಕ ಬರುವ ಹೊತ್ತಿಗೆ ಹೊಸ ವೀರಕಥೆ ಬರೆಯುವವರೇ ಉಳಿದಿರಲಿಲ್ಲ. ಕಾಗದ ತುಟ್ಟಿಯಾಗಿತ್ತು, ಅಷ್ಟು ದಪ್ಪ ಪುಸ್ತಕ ಅಚ್ಚು ಹಾಕಲು ಮುದ್ರಕರಿಗೆ ಧೈರ್ಯವಿರಲಿಲ್ಲ, ಒಬ್ಬ ಓದಿ ಹತ್ತಾರು ಜನ ಕೇಳುತ್ತಿದ್ದ ಚಾವಡಿಗಳು ಒಡೆದುಹೋಗಿದ್ದವು. ಗೇಲಿ ಮಾಡಿದವನು ಕೊಂದದ್ದು ಹೆಣವನ್ನು ಎಂದು ಅವಳು ಬರೆದಳು. ಪರೀಕ್ಷಕರು ಆ ಸಾಲನ್ನು ಮೆಚ್ಚಿದರು.

ಪಿಎಚ್‌ಡಿ ಮುಗಿದ ಮೇಲೆ ಮೆಲ್ಬರ್ನಿನ ಒಂದು ಯೂನಿವರ್ಸಿಟಿ ಅವಳನ್ನು ಕ್ಯಾಶುವಲ್ ಎಂದು ಇಟ್ಟುಕೊಂಡಿತು. ಅಂದರೆ ಪ್ರತಿ ಸೆಮಿಸ್ಟರಿಗೂ ಹೊಸ ಕಾಂಟ್ರ್ಯಾಕ್ಟ್, ರಜೆಯಲ್ಲಿ ಏನೂ ಇಲ್ಲ. ಬೆಳಗಾವಿಯ ವಿರುಪಾಕ್ಷನನ್ನು ಮದುವೆಯಾದದ್ದು ಆ ಸಮಯದಲ್ಲೇ. ಅವನಿಗೆ ನಾರ್ತ್ ಸಿಡ್ನಿಯಲ್ಲಿ ಐಟಿ ಕೆಲಸ. ಸಿಡ್ನಿಯ ಗಿರಾವೀನ್‌ನಲ್ಲಿ ಮನೆ ಮಾಡಿದರು, ಮಗಳು ಅನಘಾ ಹುಟ್ಟಿದಳು. ಪರ್ಮನೆಂಟ್ ಕೆಲಸ ಮುಂದಿನ ವರ್ಷ ಆಗುತ್ತದೆ ಎಂದು ಹೇಮಲತಾ ಪ್ರತಿ ವರ್ಷ ಹೇಳಿದಳು. ಸೆಮಿಸ್ಟರಿನ ದಿನಗಳಲ್ಲಿ ವಾರದ ನಡುವೆ ಮೆಲ್ಬರ್ನಿನ ಕೋಬರ್ಗ್‌ನ ಒಂದು ಬಾಡಿಗೆ ರೂಮು, ಶುಕ್ರವಾರ ಸಂಜೆಯ ವಿಮಾನ, ಶನಿವಾರ ಮಗಳ ಈಜು. ಹೀಗೇ ಅನಘಾ ಹೈಸ್ಕೂಲಿಗೆ ಬಂದುಬಿಟ್ಟಳು.

ಕೋವಿಡ್ ಬಂದಾಗ ರಾಜ್ಯಗಳ ಗಡಿ ಮುಚ್ಚಿತು. ಹೇಮಲತಾ ಕೋಬರ್ಗ್‌ನ ರೂಮಿನಲ್ಲೇ ಸಿಕ್ಕಿಬಿದ್ದಳು. ಪಾಠಗಳನ್ನೆಲ್ಲ ರೆಕಾರ್ಡ್ ಮಾಡಿ ಕೊಡಿ ಎಂದು ಯೂನಿವರ್ಸಿಟಿ ಕೇಳಿತು. ಪಕ್ಕದ ಮನೆಯ ರಿಪೇರಿಯ ಸದ್ದು ಬರಬಾರದೆಂದು ಅವಳು ಬಟ್ಟೆಯ ಕಪಾಟಿನೊಳಗೆ ಕೂತು, ಕೋಟುಗಳ ನಡುವೆ ಮುಖ ಹುದುಗಿಸಿಕೊಂಡು ಮಾತಾಡಿದಳು. ವಿದ್ಯಾರ್ಥಿಗಳೂ ಅಲ್ಲಲ್ಲಿ ರೂಮುಗಳಲ್ಲಿ ಬಂದಿಯಾಗಿದ್ದಾರೆ ಎಂಬ ನೆನಪಿನಲ್ಲಿ, ಎಂದೂ ಇಲ್ಲದ ಕಕ್ಕುಲಾತಿಯಿಂದ ಮಾತಾಡಿದಳು. ಸುಗ್ಗಿಯ ಕಾಲದಲ್ಲಿ ಕೂಲಿಯವರು ಛತ್ರದಲ್ಲಿ ಸುತ್ತುಗಟ್ಟಿ ಕೂತು ಈ ಕಥೆ ಕೇಳುತ್ತಿದ್ದದ್ದು, ಮುಂದೆ ಸಂತಳಾದ ಒಬ್ಬಾಕೆ ಹುಡುಗಿಯಾಗಿದ್ದಾಗ ಅಪ್ಪನಿಗೆ ಗೊತ್ತಾಗದಂತೆ ಅಮ್ಮನ ಜೊತೆ ಓದುತ್ತಿದ್ದದ್ದು, ಹಡಗು ಹತ್ತಿ ಹೊಸ ಖಂಡಕ್ಕೆ ಹೋದ ಸಿಪಾಯಿಗಳು ನೀರಿನ ಮೇಲೆ ತೇಲುವಂತಿದ್ದ ನಗರ ನೋಡಿ, ಇದು ನಾವು ಓದಿದ ಮಾಯದ ಊರೇ ಎಂದು ಬೆರಗಾದದ್ದು, ಒಂದು ಕಥೆಯ ಕಲ್ಪನೆಯ ದ್ವೀಪದ ಹೆಸರೇ ಕ್ಯಾಲಿಫೋರ್ನಿಯಾ ಎಂದು ನಕ್ಷೆಯ ಮೇಲೆ ಕೂತದ್ದು, ಅಲ್ಲಿನ ಜನ ಈ ಸುಳ್ಳುಗಳನ್ನು ನಂಬಿಯಾರೆಂದು ರಾಣಿ ಪುಸ್ತಕ ಸಾಗಿಸದಂತೆ ಆಜ್ಞೆ ಹೊರಡಿಸಿದ್ದು, ಆದರೂ ಪುಸ್ತಕಗಳು ಸಮುದ್ರ ದಾಟಿದ್ದು. ಪ್ರತಿ ರೆಕಾರ್ಡಿಂಗಿನ ಕೊನೆಗೆ, "ಪ್ರಶ್ನೆ ಇದ್ದರೆ ಇಟ್ಟುಕೊಳ್ಳಿ, ಗುರುವಾರ ಸಿಗೋಣ" ಎನ್ನುತ್ತಿದ್ದಳು. ಗುರುವಾರ ಆನ್‌ಲೈನ್ ಕ್ಲಾಸು.

ಅವೇ ಅವಳ ಜೀವನದ ಅತ್ಯುತ್ತಮ ಪಾಠಗಳು. ಅದು ಅವಳಿಗೂ ಗೊತ್ತಿತ್ತು.

ಗಡಿ ತೆರೆದು, ಎಲ್ಲ ಮೊದಲಿನಂತಾಗಿ ಕೆಲವು ವರ್ಷವಾದ ಮೇಲೆ ಡಿಪಾರ್ಟ್‌ಮೆಂಟಿನ ಹೆಡ್ ಅವಳನ್ನು ಕರೆಸಿದಳು. ಹೆಡ್ ಒಳ್ಳೆಯ ಹೆಂಗಸು, ಕೆಟ್ಟ ಸುದ್ದಿ ಹೇಳುವಾಗ ಚಹಾ ಮಾಡಿಕೊಡುವವಳು. ಆ ದಿನವೂ ಚಹಾ ಬಂತು.

"ಈ ಸಬ್ಜೆಕ್ಟನ್ನು ಸ್ವಲ್ಪ ಕಾಲ ವಿಶ್ರಾಂತಿಗೆ ಬಿಡ್ತಾ ಇದ್ದೀವಿ, ಹೇಮಾ" ಎಂದಳು ಹೆಡ್. "ಸೇರುವವರು ಕಡಿಮೆ. ನಿನಗೇ ಗೊತ್ತಲ್ಲ."

"ಒಂದು ಸೆಮಿಸ್ಟರ್ ಕೊಡಿ. ನಾನೇ ಹುಡುಕಿ ತರ್ತೀನಿ."

"ಅದು ನನ್ನ ಕೈಯಲ್ಲಿಲ್ಲ."

"ಸಂಬಳ ಬೇಡ" ಎಂದಳು ಹೇಮಲತಾ. ಬಾಯಿಂದ ಹೊರಟ ಮೇಲೆ ಅವಳಿಗೇ ಗಾಬರಿಯಾಯಿತು.

ಹೆಡ್ ಕಪ್ಪನ್ನು ಕೆಳಗಿಟ್ಟಳು. "ಹಾಗೆ ಯಾರ ಹತ್ತಿರವೂ ಹೇಳಬೇಡ. ನನ್ನ ಹತ್ತಿರ ಕೂಡ."

ಹೇಮಲತಾ ಪುಸ್ತಕಗಳನ್ನು ಪೆಟ್ಟಿಗೆಗೆ ತುಂಬಿ ಗಿರಾವೀನ್‌ಗೆ ಬಂದಳು. ಪೆಟ್ಟಿಗೆಗಳು ಗ್ಯಾರೇಜಿನಲ್ಲಿ ಕೂತವು. ಸಿಡ್ನಿ, ಬ್ರಿಸ್ಬೇನ್, ನ್ಯೂಜಿಲೆಂಡ್, ಎಲ್ಲ ಕಡೆ ಅರ್ಜಿ ಹಾಕಿದಳು. ಕೆಲವರು ಉತ್ತರ ಕೊಟ್ಟರು, ಹೆಚ್ಚಿನವರು ಕೊಡಲಿಲ್ಲ. ಮನೆಯಲ್ಲಿ ಅವಳು ಇರುವುದು ಗಂಡ, ಮಗಳು ಇಬ್ಬರಿಗೂ ಅಭ್ಯಾಸವಿರಲಿಲ್ಲ. ಅನಘಾ ಶಾಲೆಯಿಂದ ಬಂದು ಅಡುಗೆಮನೆಯಲ್ಲಿ ಅಮ್ಮನನ್ನು ನೋಡಿ, "ಓ, ಯು ಆರ್ ಹೋಮ್" ಎನ್ನುತ್ತಿದ್ದಳು. ಮಂಗಳವಾರವೂ ಹಾಗೇ, ಬುಧವಾರವೂ ಹಾಗೇ.

ಕೊನೆಗೆ ವಿರುಪಾಕ್ಷನ ಗೆಳೆಯ ಇಂದ್ರೇಶ್ ಒಂದು ದಾರಿ ಮಾಡಿದ. ಅವನು ನಾರ್ತ್ ಸಿಡ್ನಿಯ ಒಂದು ಕನ್ಸಲ್ಟೆನ್ಸಿಯಲ್ಲಿ ಮ್ಯಾನೇಜರು. ಒಂದು ಇನ್ಶೂರೆನ್ಸ್ ಕಂಪನಿಗೆ ಅವರು ಸ್ಪ್ಯಾನಿಷ್ ಮಾತಾಡುವ ಯಂತ್ರ, ಅಂದರೆ ಚಾಟ್‌ಬಾಟ್, ತಯಾರಿಸುತ್ತಿದ್ದರು. ಅದು ಗ್ರಾಹಕರಿಗೆ ಕೊಡುವ ಉತ್ತರ ಸರಿಯಿದೆಯೋ, ಮರ್ಯಾದೆಯಿಂದಿದೆಯೋ ಎಂದು ನೋಡುವುದು ಹೇಮಲತಾಳ ಕೆಲಸ. ಇಡೀ ದಿನ ಅವಳು ಕಾರು ಗುದ್ದಿಸಿಕೊಂಡವಳಂತೆ, ಮನೆಗೆ ನೀರು ನುಗ್ಗಿದವಳಂತೆ ನಟಿಸಿ ಟೈಪ್ ಮಾಡುತ್ತಿದ್ದಳು. ಯಂತ್ರ ಪ್ರತಿ ಸಲವೂ, ನಿಮ್ಮ ಕಷ್ಟ ಕೇಳಿ ಬೇಸರವಾಯಿತು ಎನ್ನುತ್ತಿತ್ತು.

"ಹೆಂಗೈತಿ ಕೆಲಸ?" ಎಂದು ವಿರುಪಾಕ್ಷ ಕೇಳಿದ.

"ಛಲೋ ಐತಿ" ಎಂದಳು. ಅವನು ಮತ್ತೆ ಕೇಳಲಿಲ್ಲ. ಅವನಿಗೂ ಧೈರ್ಯವಿರಲಿಲ್ಲ.

ಮಾರ್ಚಿನಲ್ಲಿ ಅವಳ ಸ್ವಂತ ಮೇಲ್‌ಗೆ ಒಂದು ಅಪರಿಚಿತ ಮೇಲ್ ಬಂತು. ಬರೆದವಳು ಬ್ರೀ ಎನ್ನುವ ವಿದ್ಯಾರ್ಥಿನಿ. ಮೆಲ್ಬರ್ನಿನ ಪಶ್ಚಿಮದಂಚಿನ ಒಂದು ವೇರ್‌ಹೌಸಿನಲ್ಲಿ ಪಾರ್ಸೆಲ್ ಕಟ್ಟುತ್ತ, ಇಯರ್‌ಫೋನಿನಲ್ಲಿ ಪಾಠ ಕೇಳುವವಳು. "ನಿಮ್ಮ ವಿಳಾಸ ಹಳೆಯ ಒಂದು ಲೇಖನದಲ್ಲಿ ಸಿಕ್ಕಿತು" ಎಂದು ಬರೆದಿದ್ದಳು. "ಕೋರ್ಸಿನ ಪುಟದಲ್ಲಿ ಹಾಕಿದ ಪ್ರಶ್ನೆಗಳಿಗೆ ನೀವು ಉತ್ತರಿಸುತ್ತಿಲ್ಲ. ಪ್ರತಿ ಪಾಠದ ಕೊನೆಗೆ ಗುರುವಾರ ಸಿಗೋಣ ಅಂತೀರಿ. ಟೈಮ್‌ಟೇಬಲಿನಲ್ಲಿ ಗುರುವಾರ ಏನೂ ಇಲ್ಲ. ನಾನು ಎಲ್ಲೋ ತಪ್ಪಾಗಿ ನೋಡ್ತಾ ಇದ್ದೀನಾ?"

ಹೇಮಲತಾ ಅದನ್ನು ರೈಲಿನಲ್ಲಿ ಓದಿದಳು. ಇಳಿಯಬೇಕಾದ ಸ್ಟೇಷನ್ ದಾಟಿಹೋಯಿತು.

ಬ್ರೀ ಕಳಿಸಿದ ಕೊಂಡಿ ತೆರೆದಾಗ ಎಲ್ಲ ಗೊತ್ತಾಯಿತು. ವಿಶ್ರಾಂತಿಗೆ ಬಿಟ್ಟಿದ್ದ ಸಬ್ಜೆಕ್ಟು ಬೇರೆ ಹೆಸರು ಹೊತ್ತು ಎದ್ದು ಕೂತಿತ್ತು: ನೈಟ್‌ಗಳಿಂದ ವಿಡಿಯೋ ಗೇಮಿನವರೆಗೆ. ಅವಳ ಒಂದೊಂದು ಪಾಠವನ್ನೂ ಎಂಟು-ಹತ್ತು ನಿಮಿಷದ ತುಂಡುಗಳಾಗಿ ಕತ್ತರಿಸಿ, ನಡುವೆ ಗೇಮುಗಳ ಚಿತ್ರ ಸೇರಿಸಿದ್ದರು. ಧ್ವನಿ ಅವಳದೇ. ಕೋಬರ್ಗ್‌ನ ಕಪಾಟಿನಿಂದ ಅವಳು ಇನ್ನೂ ಮಾತಾಡುತ್ತಿದ್ದಳು. ಆ ದೊಡ್ಡ ಪುಸ್ತಕಗಳು ಸತ್ತ ಮೇಲೆ ಅವುಗಳ ಚೂರುಗಳನ್ನು ಅಗ್ಗದ ಹಾಳೆಗಳಲ್ಲಿ ಅಚ್ಚು ಹಾಕಿ ಸಂತೆಯಲ್ಲಿ ಮಾರುತ್ತಿದ್ದರು ಎಂದು ಅವಳೇ ಒಂದು ತುಂಡಿನಲ್ಲಿ ವಿವರಿಸುತ್ತಿದ್ದಳು. ಆ ತುಂಡು ವಾಕ್ಯದ ನಡುವೆ ಮುಗಿಯುತ್ತಿತ್ತು.

ಹೆಡ್‌ಗೆ ಬರೆದಳು. ಮರುದಿನವೇ ಉತ್ತರ ಬಂತು: ರೆಕಾರ್ಡಿಂಗ್ ಯೂನಿವರ್ಸಿಟಿಯ ಸ್ವತ್ತು, ಕಾಂಟ್ರ್ಯಾಕ್ಟಿನಲ್ಲಿ ಹಾಗೇ ಇದೆ, ನಿನಗೆ ನೋವಾಗಿದ್ದರೆ ನನಗೆ ನಿಜವಾಗಿಯೂ ಬೇಸರ. ಯಂತ್ರ ಕೂಡ ಇದೇ ಮಾತು ಹೇಳುತ್ತಿತ್ತಲ್ಲ ಎಂದುಕೊಂಡು ಹೇಮಲತಾ ಕಂಪ್ಯೂಟರ್ ಮುಚ್ಚಿದಳು.

ಆದರೆ ಬ್ರೀಗೆ ಉತ್ತರ ಬರೆದಳು. ಒಂದು ಪ್ರಶ್ನೆಗೆ ಎರಡು ಪುಟ. ಬ್ರೀ ಇನ್ನೊಂದು ಕೇಳಿದಳು, ಇವಳು ಮತ್ತೆ ಬರೆದಳು. ಆಫೀಸಿನಲ್ಲಿ ಗುಟ್ಟಾಗಿ ಬರೆದಳು, ಕುಕ್ಕರ್ ಕೂಗುವಾಗ ಬರೆದಳು. ತಾನು ಈಗ ಅಲ್ಲಿಯ ಟೀಚರ್ ಅಲ್ಲ ಎಂದು ಮಾತ್ರ ಬರೆಯಲಿಲ್ಲ. ಬರೆಯಬೇಕೆಂದು ಶುರುಮಾಡಿ ಅಳಿಸಿದಳು. ಬ್ರೀ ಒಮ್ಮೆ, "ನನ್ನ ಹಾಗೆ ಇನ್ನೂ ಕೆಲವರಿದ್ದಾರೆ. ಅವರೂ ನಿಮ್ಮನ್ನು ನೋಡಬೇಕು ಅಂತಾರೆ" ಎಂದು ಬರೆದಾಗ, ಹೇಮಲತಾಳ ಬೆರಳುಗಳು ತಾವಾಗಿಯೇ ಟೈಪ್ ಮಾಡಿದವು: ಹಾಗಾದರೆ ಕ್ಯಾಂಪಸ್ಸಿಗೇ ಬನ್ನಿ, ಈ ಗುರುವಾರ ಸಿಗೋಣ.

ಆ ಗುರುವಾರ ನಾರ್ತ್ ಸಿಡ್ನಿಯಲ್ಲಿ ಇನ್ಶೂರೆನ್ಸ್ ಕಂಪನಿಯವರ ಮುಂದೆ ಯಂತ್ರದ ಪ್ರದರ್ಶನವಿತ್ತು. ಸ್ಪ್ಯಾನಿಷ್ ಬಲ್ಲವಳು ಅವಳೊಬ್ಬಳೇ. ಇಂದ್ರೇಶ್ ವಾರದಿಂದ ನೆನಪಿಸುತ್ತಿದ್ದ. ಬೆಳಿಗ್ಗೆ ಅವಳು ಎಂದಿನ ಹಾಗೆ ಡಬ್ಬಿ ಕಟ್ಟಿಕೊಂಡು ಹೊರಟಳು, ಏರ್‌ಪೋರ್ಟಿನಿಂದ, ತನಗೆ ಹುಷಾರಿಲ್ಲ ಎಂದು ಇಂದ್ರೇಶ್‌ಗೆ ಮೆಸೇಜ್ ಹಾಕಿದಳು, ಫೋನನ್ನು ಫ್ಲೈಟ್ ಮೋಡಿಗೆ ಹಾಕಿದಳು. ಮೆಲ್ಬರ್ನಿನಲ್ಲಿ ವಿಮಾನ ಇಳಿದ ಮೇಲೂ ಅದನ್ನು ಹಾಗೇ ಬಿಟ್ಟಳು.

ಕ್ಯಾಂಪಸ್ಸಿನಲ್ಲಿ ಅವಳ ಹಳೆಯ ಕ್ಲಾಸ್‌ರೂಮಿನ ಬಾಗಿಲು ಕಾರ್ಡ್ ಇಲ್ಲದೆ ತೆರೆಯಲಿಲ್ಲ. ಗಾಜಿನಾಚೆ ಕುರ್ಚಿಗಳು ಕಾಣುತ್ತಿದ್ದವು. ಬ್ರೀ ಬಂದಳು, ವೇರ್‌ಹೌಸಿನ ಹಳದಿ ಜಾಕೆಟ್ಟಿನಲ್ಲೇ, ಇನ್ನೂ ಮೂರು-ನಾಲ್ಕು ಜನರೊಂದಿಗೆ. "ಕಾರ್ಡು ಮನೆಯಲ್ಲಿ ಬಿಟ್ಟು ಬಂದೆ" ಎಂದು ಹೇಮಲತಾ ಸುಳ್ಳು ಹೇಳಿದಳು. ಹುಲ್ಲಿನ ಮೇಲೆ ಕೂತರು.

ಎಂಥ ಪಾಠ ಅದು. ಒಬ್ಬ ಹುಡುಗ, "ಅಷ್ಟು ಜನಕ್ಕೆ ಬೇಕಾಗಿದ್ದದ್ದು ನಿಂತದ್ದು ಯಾಕೆ?" ಎಂದು ಕೇಳಿದ. ಹೇಮಲತಾ ಕಾಗದದ ಬೆಲೆಯಿಂದ ಶುರುಮಾಡಿದಳು. ಮೊದಲು ಒಂದೊಂದು ಊರಿನಲ್ಲಿ ನಿಂತಿತು, ಆಮೇಲೆ ಒಂದೊಂದು ಅಚ್ಚುಕೂಟದಲ್ಲಿ. ಓದು ಬಲ್ಲವನು ಪಟ್ಟಣಕ್ಕೆ ಹೋದ, ಕೇಳುವವರು ದಂಡಿಗೆ ಹೋದರು. ನಿಂತಿತೆಂದು ಯಾರಿಗೂ ಯಾರೂ ಹೇಳಲಿಲ್ಲ. ಮುಂದಿನ ವರ್ಷ ಹೊಸದು ಬರುತ್ತದೆ ಎಂದೇ ಎಲ್ಲರೂ ನಂಬಿದ್ದರು. ಗಾಳಿ ಚಳಿಯಾಯಿತು, ಯಾರೂ ಏಳಲಿಲ್ಲ. ಬ್ರೀ ಮಂಡಿಯ ಮೇಲೆ ಗಲ್ಲ ಊರಿ ಕೂತಿದ್ದಳು. ಹೇಮಲತಾಗೆ ತಾನು ಬದುಕಿದ್ದೇನೆ ಅನ್ನಿಸಿತು. ಬಹಳ ದಿನದ ಮೇಲೆ.

ಹೆಡ್ ಆ ದಾರಿಯಲ್ಲೇ ಬಂದಳು. ಮೊದಲು ಕೈ ಬೀಸಿದಳು, ಆಮೇಲೆ ವಿದ್ಯಾರ್ಥಿಗಳನ್ನು ನೋಡಿ ನಿಂತಳು.

"ಹೇಮಾ, ಒಂದು ನಿಮಿಷ" ಎಂದು ಪಕ್ಕಕ್ಕೆ ಕರೆದಳು. "ಇದು ಏನು?"

"ಮಾತಾಡ್ತಾ ಇದ್ವಿ."

"ಅವರು ನಿನ್ನನ್ನು ಸ್ಟಾಫ್ ಅಂದುಕೊಂಡಿದ್ದಾರೆ. ನೀನು ಹಾಗಲ್ಲ ಅಂತ ಹೇಳಿದೀಯಾ?"

ಹೇಮಲತಾ ಹುಲ್ಲಿನ ಮೇಲಿದ್ದ ಹಳದಿ ಜಾಕೆಟ್ಟಿನ ಕಡೆ ನೋಡಿದಳು. ಹೆಡ್ ತಾನೇ ಹೋಗಿ, ಮೃದುವಾಗಿ, ಯಾರಿಗೂ ನೋವಾಗದ ಮಾತುಗಳಲ್ಲಿ ಅದನ್ನು ಹೇಳಿದಳು. ಒಬ್ಬೊಬ್ಬರಾಗಿ ಎದ್ದರು. ಬ್ರೀ ಕೊನೆಗೆ ಉಳಿದಳು. ಅವಳ ಮುಖದಲ್ಲಿ ಸಿಟ್ಟಿರಲಿಲ್ಲ. ಸಿಟ್ಟಿದ್ದರೆ ತಡೆದುಕೊಳ್ಳಬಹುದಿತ್ತು.

"ನಾನು ಶಿಫ್ಟ್ ಬಿಟ್ಟು ಬಂದೆ" ಎಂದಳು ಬ್ರೀ. "ಪರವಾಗಿಲ್ಲ. ಆದರೆ ಹೇಳಬಹುದಿತ್ತು."

ಆಮೇಲೆ ಅವಳಿಂದ ಮೇಲ್ ಬರಲಿಲ್ಲ.

ಸಿಡ್ನಿಯಲ್ಲಿ ಇಳಿದು ಫೋನ್ ತೆರೆದಾಗ ಇಂದ್ರೇಶನ ಕರೆಗಳು, ವಿರುಪಾಕ್ಷನ ಕರೆಗಳು, ಅನಘಾಳ ಒಂದೇ ಮೆಸೇಜು: ವೇರ್ ಆರ್ ಯು. ಹುಷಾರಿಲ್ಲ ಎಂದದ್ದಕ್ಕೆ ಇಂದ್ರೇಶ್ ವಿರುಪಾಕ್ಷನಿಗೆ ಫೋನ್ ಮಾಡಿದ್ದ, ವಿರುಪಾಕ್ಷ ಮನೆಗೆ ಓಡಿ ಬಂದಿದ್ದ, ಖಾಲಿ ಮನೆ ನೋಡಿ ಆಸ್ಪತ್ರೆಗಳಿಗೆ ಫೋನ್ ಮಾಡಿದ್ದ. ಪ್ರದರ್ಶನ ಕೆಟ್ಟಿತ್ತು. ಯಂತ್ರ ಎಲ್ಲೋ ತಪ್ಪು ಮಾತಾಡಿದಾಗ ತಿದ್ದುವವರು ಯಾರೂ ಇರಲಿಲ್ಲ.

ವಿರುಪಾಕ್ಷ ಬಾಗಿಲಲ್ಲೇ ನಿಂತಿದ್ದ. "ಎಲ್ಲಿಗೆ ಹೋಗಿದ್ದಿ?"

"ಮೆಲ್ಬರ್ನ್."

"ಯಾಕ?"

"ಕ್ಲಾಸ್ ಇತ್ತು" ಎಂದಳು.

ಅವನು ಅವಳ ಮುಖ ನೋಡಿದ. ಅವನ ಕಣ್ಣಲ್ಲಿ ಭಯ ಕಂಡಿತು. ಹೆಂಡತಿಯ ತಲೆ ನೆಟ್ಟಗಿಲ್ಲ ಎಂದು ಅವನು ತಿಳಿದುಕೊಂಡನೆಂದು ಅವಳಿಗೆ ಗೊತ್ತಾಯಿತು. ಅನಘಾ ಮೆಟ್ಟಿಲ ಮೇಲೆ ಕೂತು, "ಯು ಕುಡ್ ಹ್ಯಾವ್ ಜಸ್ಟ್ ಟೋಲ್ಡ್ ಅಸ್, ಅಮ್ಮಾ" ಎಂದು ಒಳಗೆ ಹೋದಳು.

ಇಂದ್ರೇಶ್ ಬೈಯಲಿಲ್ಲ. ಕಾಂಟ್ರ್ಯಾಕ್ಟ್ ಮುಂದುವರಿಸುವುದಿಲ್ಲ ಎಂದು ಇನ್ಯಾರ ಕೈಯಲ್ಲೋ ಹೇಳಿಸಿದ. ಅವನ ಮನೆಯ ಗಣಪತಿ ಹಬ್ಬಕ್ಕೆ ಆ ವರ್ಷ ಇವರಿಗೆ ಕರೆ ಬರಲಿಲ್ಲ. ಎರಡೂ ಮನೆಯವರು ಪೆಂಡಲ್ ಹಿಲ್ಲಿನಲ್ಲಿ ಎದುರಾದರೆ ಮಕ್ಕಳ ಪರೀಕ್ಷೆಯ ಮಾತಾಡಿ ಬೇಗ ಬೇಗ ಹೊರಡುತ್ತಿದ್ದರು. ವಿರುಪಾಕ್ಷನಿಗೆ ಇದ್ದ ಒಬ್ಬ ಗೆಳೆಯ ಹಾಗೆ ಹೋದ.

ಹೇಮಲತಾ ಮಲಗಿಬಿಟ್ಟಳು. ಕಾಯಿಲೆ ಏನೂ ಇರಲಿಲ್ಲ. ಡಾಕ್ಟರು ಮಾತ್ರೆ ಬರೆದರು, ಅದನ್ನೂ ನುಂಗಿದಳು. ಕಣ್ಣು ಮುಚ್ಚಿದರೆ ತನ್ನದೇ ಧ್ವನಿ ಕೇಳುತ್ತಿತ್ತು, ಎಲ್ಲೋ ಯಾರೋ ಪಾರ್ಸೆಲ್ ಕಟ್ಟುತ್ತ ಅದನ್ನು ಕೇಳುತ್ತಿದ್ದಾರೆ, ಅದು ಮಾತಾಡುತ್ತಲೇ ಇದೆ, ಅದಕ್ಕೆ ತಾನು ಬೇಕಾಗಿಲ್ಲ. ಊಟದ ತಟ್ಟೆ ಹೇಗೆ ಬರುತ್ತಿತ್ತೋ ಹಾಗೇ ವಾಪಸ್ ಹೋಗುತ್ತಿತ್ತು.

ಒಂದು ಭಾನುವಾರ ಮಧ್ಯಾಹ್ನ ವಿರುಪಾಕ್ಷ ಒಳಗೆ ಬಂದು ಮಂಚದ ಅಂಚಿಗೆ ಕೂತ. ಹೊದಿಕೆ ಸರಿಮಾಡಿದ. ಆಮೇಲೆ, "ನನಗ ಹೇಳು" ಎಂದ.

"ಏನು?"

"ಅದೇ, ಆ ಕತಿ. ನೀ ಕಲಿಸ್ತಿದ್ದೆಲ್ಲ. ಇಷ್ಟು ವರ್ಷದಾಗ ನಾ ಒಂದೂ ಕೇಳಿಲ್ಲ. ಯಾವುದರೆ ಒಂದು ಹೇಳು."

ಅವಳಿಗೆ ಅಳು ಬಂತು. ಎದ್ದು ದಿಂಬಿಗೆ ಒರಗಿದಳು. ಯಾವುದು ಹೇಳುವುದೆಂದು ಯೋಚಿಸಿದಳು. ಹಸಿರು ಕವಚ ತೊಟ್ಟ ಒಬ್ಬ ವೀರನ ಕಥೆ ಹಿಡಿದಳು. ಅವನು ತನ್ನ ರಾಜಕುಮಾರಿ ಕರೆಯುವ ತನಕ ಮಾತಾಡುವುದಿಲ್ಲ ಎಂದು ವ್ರತ ಹಿಡಿದು ಹೊರಟವನು.

"ಒಬ್ಬ ವೀರ ಇದ್ದ" ಎಂದು ಶುರುಮಾಡಿದಳು. "ಈ ಕತಿ ಮೊದಲ ಸೆವಿಲ್ ಊರಾಗ ಅಚ್ಚಾತು. ಎರಡನೇ ಸಲ ಅಚ್ಚ ಹಾಕಿದಾಗ ಕಡಿ ಭಾಗ ಬಿಟ್ರು, ಯಾಕಂದ್ರ..."

"ಅದು ಬ್ಯಾಡ" ಎಂದ ವಿರುಪಾಕ್ಷ. "ಅಂವಾ ಏನ್ ಮಾಡಿದ?"

"ಅಂವಾ ಹೊಂಟ. ಕಾಡಿಗೆ ಹ್ವಾದ. ಅಲ್ಲೆ ಒಬ್ಬ ದೈತ್ಯ ಇದ್ದ. ದೈತ್ಯನ್ನ ಕೊಂದ. ಆಮ್ಯಾಲೆ ಒಂದು ದ್ವೀಪಕ್ಕ ಹ್ವಾದ."

ಕಥೆ ಬಾಯಲ್ಲಿ ಒಣ ಹಿಟ್ಟಿನ ಹಾಗೆ ಉದುರುತ್ತಿತ್ತು. ಯಾವ ಮುದ್ರಕ, ಯಾವ ವರ್ಷ, ಎಷ್ಟು ಪ್ರತಿ ಉಳಿದಿವೆ, ಎಲ್ಲ ನಾಲಿಗೆಯ ತುದಿಯಲ್ಲಿತ್ತು. ಆದರೆ ದ್ವೀಪಕ್ಕೆ ಹೋಗುವಾಗ ಸಮುದ್ರ ಹೇಗಿತ್ತು, ಅವನ ಕುದುರೆ ಎಲ್ಲಿ ಉಳಿಯಿತು, ಒಂದೂ ನೆನಪಿರಲಿಲ್ಲ. ಕಥೆಗಳನ್ನು ತಾನು ಕೊನೆಯ ಸಲ ಕಥೆಗಾಗಿ ಓದಿದ್ದು ಯಾವಾಗ? ಹೈದರಾಬಾದಿನಲ್ಲಿ, ಹಾಸ್ಟೆಲಿನಲ್ಲಿ. ಆಮೇಲೆ ಇಷ್ಟೂ ವರ್ಷ ಓದಿದ್ದು ಅವು ಹೇಗೆ ಸತ್ತವು ಎಂಬುದನ್ನು ಮಾತ್ರ. ಹುಲ್ಲಿನ ಮೇಲೆ ಕೂತ ಹುಡುಗರಿಗೂ ಅವಳು ಕೊಟ್ಟದ್ದು ಅದನ್ನೇ.

ಇದು ಅವಳಿಗೆ ಕೆಲಸ ಹೋದದ್ದಕ್ಕಿಂತ ದೊಡ್ಡ ಹೊಡೆತವಾಯಿತು. ಕಸಿದುಕೊಂಡವರು ಎಂದು ಯಾರನ್ನು ಬೆರಳು ಮಾಡಿ ತೋರಿಸಲಿ?

"ಆಕಿ?" ಎಂದ ವಿರುಪಾಕ್ಷ. "ಆ ರಾಜಕುಮಾರಿ? ಅಂವಾ ಊರೂರು ತಿರಗೂತನಾ ಆಕಿ ಏನ್ ಮಾಡತಿದ್ಲು?"

"ಕಾಯ್ತಿದ್ಲು."

"ಬರೇ ಕಾಯ್ತಿದ್ಲ? ಅಷ್ಟು ದಿನಾ?"

ಅವನು ಕಥೆಯ ಬಗ್ಗೆ ಕೇಳಿದನೋ, ತಾನು ಕಾದ ಶುಕ್ರವಾರಗಳ ಬಗ್ಗೆ ಕೇಳಿದನೋ ಅವಳಿಗೆ ತಿಳಿಯಲಿಲ್ಲ. ಅವನ ಮುಖದಲ್ಲಿ ವ್ಯಂಗ್ಯವಿರಲಿಲ್ಲ. ನಿಜವಾಗಿಯೇ ತಿಳಿದುಕೊಳ್ಳಬೇಕೆಂದು ಕೇಳಿದವನ ಮುಖ ಅದು.

"ನನಗ ನೆನಪಿಲ್ಲ" ಎಂದಳು.

"ಇರ್ಲಿ ಬಿಡು."

"ಇಲ್ಲ, ಖರೇನ ನೆನಪಿಲ್ಲ, ವಿರೂ. ಓದಿದ್ದೆ. ಎಲ್ಲಾ ಓದಿದ್ದೆ."

ಅವನು ಅವಳ ಕೈ ಹಿಡಿದುಕೊಂಡ. ಸ್ವಲ್ಪ ಹೊತ್ತಿಗೆ ಅನಘಾ ಬಾಗಿಲಿಗೆ ಬಂದು ಇಬ್ಬರನ್ನೂ ನೋಡಿ, ಊಟ ಆರ್ಡರ್ ಮಾಡಲಾ ಎಂದು ಇಂಗ್ಲಿಷಿನಲ್ಲಿ ಕೇಳಿದಳು. ವಿರುಪಾಕ್ಷ ಹೂಂ ಎಂದ.

ಚಳಿಗಾಲ ಕಳೆಯುವ ಹೊತ್ತಿಗೆ ಹೇಮಲತಾ ಎದ್ದು ಓಡಾಡಿದಳು. ಈಗ ಮನೆ ಹತ್ತಿರದ ಟೂಂಗಾಬಿಯ ಒಂದು ಶಾಲೆಯಲ್ಲಿ ಕ್ಲಾಸು ಮುಗಿದ ಮೇಲೆ ಉಳಿಯುವ ಮಕ್ಕಳನ್ನು ಅಪ್ಪ-ಅಮ್ಮ ಬಂದು ಕರೆದುಕೊಂಡು ಹೋಗುವ ತನಕ ನೋಡಿಕೊಳ್ಳುತ್ತಾಳೆ. ಹಣ್ಣು ಹೆಚ್ಚಿಕೊಡುವುದು, ಜಗಳ ಬಿಡಿಸುವುದು. ಮಕ್ಕಳು ಕಥೆ ಹೇಳಿ ಎಂದು ಗಂಟುಬಿದ್ದರೆ ಶೆಲ್ಫಿನಿಂದ ಒಂದು ಚಿತ್ರದ ಪುಸ್ತಕ ತೆಗೆದು, ಅದರಲ್ಲಿ ಏನಿದೆಯೋ ಅಷ್ಟನ್ನೇ ಓದುತ್ತಾಳೆ.